ಟ್ಯೂನಾ ಕ್ಯಾಸರೋಲ್ ಒಣಗಬಾರದು, ವಾಸನೆ ಬರಬಾರದು, ಖರ್ಚೂ ಆಗಬಾರದು: ಹೇಗೆ?

ಪ್ರಶ್ನೆ: ಅಕ್ಕ, ನಾವು ಓಹಾಯೋದ ಕೊಲಂಬಸ್‌ನಲ್ಲಿದ್ದೇವೆ. ಮಗಳಿಗೆ 10 ವರ್ಷ, ಮಗನಿಗೆ 7. ಮಗಳು ಗೆಳತಿಯ ಮನೆಯಲ್ಲಿ ಟ್ಯೂನಾ ಕ್ಯಾಸರೋಲ್ (ಟ್ಯೂನಾ ಮೀನು, ನೂಡಲ್ಸ್, ಸಾಸು ಕಲಸಿ ಓವನ್‌ನಲ್ಲಿಟ್ಟು ಮಾಡುವ ಅಡುಗೆ) ತಿಂದು ಬಂದಾಗಿನಿಂದ ನಮ್ಮನೆಯಲ್ಲೂ ಮಾಡು ಅಂತ ಹಟ. ಮಶ್ರೂಮ್ ಸೂಪಿನ ಡಬ್ಬಿಯ ಮೇಲಿದ್ದ ರೆಸಿಪಿ ನೋಡಿ ಮಾಡಿದೆ. ಎರಡು ಡಬ್ಬಿ ಟ್ಯೂನಾ, ಒಂದು ಪ್ಯಾಕೆಟ್ ಎಗ್ ನೂಡಲ್ಸ್, ಒಂದು ಡಬ್ಬಿ ಸೂಪು, ಪ್ಯಾಕೆಟ್‌ನಲ್ಲಿ ಬರುವ ತುರಿದ ಚೀಸ್ ಎರಡು ಕಪ್. ಓವನ್‌ನಲ್ಲಿ 350 ಡಿಗ್ರಿಗೆ 50 ನಿಮಿಷ ಇಟ್ಟೆ. ತೆಗೆದರೆ ಇಟ್ಟಿಗೆ ಹಾಗೆ ಗಟ್ಟಿ. ಚೀಸ್ ಎಲ್ಲಿ ಹೋಯಿತೋ ಗೊತ್ತಾಗಲಿಲ್ಲ. ಮನೆಯೆಲ್ಲ ಮೀನಿನ ವಾಸನೆ. ತುಮಕೂರಿನಿಂದ ಬಂದಿರುವ ನಮ್ಮತ್ತೆ ಕೋಳಿ, ಕುರಿ ತಿನ್ನುತ್ತಾರೆ, ಮೀನು ಮುಟ್ಟುವುದಿಲ್ಲ. ಅವರು ರೂಮಿನಿಂದ ಹೊರಗೇ ಬರಲಿಲ್ಲ. ಒಂದೇ ಸಂಬಳದ ಮನೆ, ಖರ್ಚು ಕಡಿಮೆ ಇರಬೇಕು. ವಾರಕ್ಕೆ ಮೂರು ದಿನ ನನಗೆ ಸಂಜೆ ಕೆಲಸ, ಹಿಂದಿನ ರಾತ್ರಿಯೇ ಮಾಡಿಡಬಹುದಾ? ಮಕ್ಕಳಿಗೆ ಟ್ಯೂನಾ ಜಾಸ್ತಿ ಕೊಡಬಾರದು ಅಂತಾರಲ್ಲ, ಅದನ್ನೂ ಹೇಳಿ.

ಉತ್ತರ: ನಿಮ್ಮ ಪತ್ರದಲ್ಲೇ ಅರ್ಧ ಉತ್ತರ ಇದೆ. "ಒಂದು ಪ್ಯಾಕೆಟ್ ಎಗ್ ನೂಡಲ್ಸ್" ಅಂತ ಬರೆದಿದ್ದೀರಲ್ಲ, ಎಡವಟ್ಟಾಗಿದ್ದು ಅಲ್ಲಿ.

ಇಲ್ಲಿ ಅಂಗಡಿಯಲ್ಲಿ ಸಿಗುವ ಎಗ್ ನೂಡಲ್ಸ್ ಪ್ಯಾಕೆಟ್ ಸಾಮಾನ್ಯವಾಗಿ 12 ಔನ್ಸ್, ಅಂದರೆ 340 ಗ್ರಾಂ. ಸೂಪಿನ ಡಬ್ಬಿಯ ಮೇಲಿನ ರೆಸಿಪಿಗಳಲ್ಲಿ ಒಂದು ಡಬ್ಬಿಗೆ ಅರ್ಧ ಕಪ್ ಹಾಲು, 2 ಕಪ್ ನೂಡಲ್ಸ್ ಅಂತ ಇರುತ್ತದೆ. 2 ಕಪ್ ಒಣ ನೂಡಲ್ಸ್ ಅಂದರೆ ಬರೀ 4 ಔನ್ಸ್ ಆಸುಪಾಸು. ನೀವು ಅದರ ಮೂರು ಪಟ್ಟು ಹಾಕಿದ್ದೀರಿ, ಸೂಪು ಮಾತ್ರ ಒಂದೇ ಡಬ್ಬಿ. ಹಾಲು ಹಾಕಿದ್ದನ್ನು ಬರೆದೇ ಇಲ್ಲ. ಅಷ್ಟು ನೂಡಲ್ಸ್ ಇದ್ದದ್ದನ್ನೆಲ್ಲ ಕುಡಿದು, ಇನ್ನೂ ಬೇಕು ಅಂತ ಕೂತಿತ್ತು. ಅದಕ್ಕೇ ಇಟ್ಟಿಗೆಯಾಯಿತು. ನಿಮ್ಮ ಕೈಯಲ್ಲಿ ತಪ್ಪಿಲ್ಲ, ಅಳತೆಯಲ್ಲಿ ಇತ್ತು.

ಬಿಸಿಬೇಳೆ ಬಾತ್ ನೆನಪು ಮಾಡಿಕೊಳ್ಳಿ. ಒಲೆಯಿಂದ ಇಳಿಸುವಾಗ ಸ್ವಲ್ಪ ನೀರಾಗೇ ಇದೆ ಅನ್ನಿಸಬೇಕು, ಅಲ್ವಾ? ಹದವಾಗಿದೆ ಅಂತ ಇಳಿಸಿದರೆ ಬಡಿಸುವ ಹೊತ್ತಿಗೆ ಮುದ್ದೆಯಾಗಿರುತ್ತದೆ. ಅನ್ನ, ಬೇಳೆ ಕೂತಲ್ಲೇ ನೀರು ಎಳೆದುಕೊಳ್ಳುತ್ತವೆ. ನೂಡಲ್ಸೂ ಅದೇ ಜಾತಿ. ಬೆಂದಾದ ಮೇಲೂ ಅದರ ಹಿಟ್ಟು ದ್ರವ ಕುಡಿಯುತ್ತಲೇ ಇರುತ್ತದೆ, ಓವನ್ನಿನ ಬಿಸಿಯಲ್ಲಂತೂ ಇನ್ನೂ ಬೇಗ. ಹಾಗಾಗಿ ಕ್ಯಾಸರೋಲ್ ಓವನ್ನಿಗೆ ಹೋಗುವಾಗ "ಅಯ್ಯೋ, ಇದು ಸಾರಾಯ್ತಲ್ಲ" ಅನ್ನಿಸಬೇಕು. ನಾನು ಹೇಳುವುದರಲ್ಲಿ ಬೇರೆಲ್ಲ ಮರೆತರೂ ಪರವಾಗಿಲ್ಲ, ಇದೊಂದನ್ನು ಮರೆಯಬೇಡಿ.

ನಾನಿದನ್ನು ಕಲಿತಿದ್ದು ಮಿನೆಸೋಟಾಕ್ಕೆ ಬಂದ ಮೊದಲ ಚಳಿಗಾಲದಲ್ಲಿ, ಪಕ್ಕದ ಮನೆಯ ಅಜ್ಜಿಯ ಅಡುಗೆಮನೆಯಲ್ಲಿ. ಇಲ್ಲಿ ಇದನ್ನು ಕ್ಯಾಸರೋಲ್ ಅನ್ನುವುದಿಲ್ಲ, ಹಾಟ್‌ಡಿಶ್ ಅನ್ನುತ್ತಾರೆ. ಅವರು ನೂಡಲ್ಸನ್ನು ಸಾಸಿಗೆ ಸುರಿದು, ಸೌಟು ಎತ್ತಿ ನನಗೆ ತೋರಿಸಿದರು. ಸಾಸು ಸೌಟಿನಿಂದ ಧಾರೆಯಾಗಿ ಕೆಳಗೆ ಬೀಳುತ್ತಿತ್ತು. ನೂಡಲ್ಸ್ ಅದರಲ್ಲಿ ತೇಲುತ್ತಿದ್ದವು. ಗಟ್ಟಿ ಮಾಡುವುದಿಲ್ಲವಾ ಅಂತ ಕೇಳಿದೆ. ಗಟ್ಟಿ ಮಾಡುವುದು ಓವನ್ನಿನ ಕೆಲಸ, ನಮ್ಮದಲ್ಲ ಅಂದರು. 20 ನಿಮಿಷ ಬಿಟ್ಟು ತೆಗೆದಾಗ ಅಂಚಿನಲ್ಲಿ ಸಾಸು ಪುಟ್ಟ ಗುಳ್ಳೆ ಗುಳ್ಳೆಯಾಗಿ ಕುದಿಯುತ್ತಿತ್ತು, ಒಳಗೆ ಕೆನೆ ಹಾಗೆ ಮೆತ್ತಗಿತ್ತು. ಆಮೇಲೆ ಒಂಬತ್ತು ವರ್ಷ ಇಲ್ಲಿನ ಶಾಲೆಯೊಂದರ ಅಡುಗೆಮನೆಯಲ್ಲಿ ದೊಡ್ಡ ದೊಡ್ಡ ಟ್ರೇಗಳಲ್ಲಿ ಇದನ್ನೇ ಮಾಡಿದೆ. ಟ್ರೇ ಎಷ್ಟೇ ದೊಡ್ಡದಾದರೂ ಅಜ್ಜಿಯ ಲೆಕ್ಕ ಒಮ್ಮೆಯೂ ತಪ್ಪಲಿಲ್ಲ.

ಇನ್ನು ಸೂಪಿನ ಡಬ್ಬಿಯ ವಿಚಾರ. ನನ್ನ ಸಲಹೆ ಕೇಳಿದರೆ ಅದನ್ನು ಬಿಟ್ಟುಬಿಡಿ. ಅದಿಲ್ಲದೆ ಕ್ಯಾಸರೋಲ್ ಆಗುವುದೇ ಇಲ್ಲ ಅಂತ ಎಷ್ಟೋ ಜನ ನಂಬಿದ್ದಾರೆ. ಆದರೆ ಈ ಅಡುಗೆ ಆ ಡಬ್ಬಿಗಿಂತ ಹಳೆಯದು. ಅಮೆರಿಕದಲ್ಲಿ ಟ್ಯೂನಾ ಡಬ್ಬಿಗೆ ಸೇರಿದ್ದು 1903ರಲ್ಲಿ, ಕ್ಯಾಲಿಫೋರ್ನಿಯಾದ ಸ್ಯಾನ್ ಪೆಡ್ರೋದಲ್ಲಿ. ನಮ್ಮ ಬೂತಾಯಿಯ ಬಳಗದ ಸಾರ್ಡೀನ್ ಸಿಗದೆ ಹೋದಾಗ ಕಾರ್ಖಾನೆಯವರು ಅದರ ಬದಲು ಟ್ಯೂನಾ ತುಂಬಿಸಿ ನೋಡಿದರು. 1930ರಲ್ಲಿ ಸನ್‌ಸೆಟ್ ಪತ್ರಿಕೆಯಲ್ಲಿ ನೂಡಲ್ಸ್ ಮತ್ತು ಟ್ಯೂನಾದ ಕ್ಯಾಸರೋಲ್ ಬಂತು, ವಾಷಿಂಗ್ಟನ್ ರಾಜ್ಯದ ಕೆನವಿಕ್ ಊರಿನ ಗೃಹಿಣಿಯೊಬ್ಬರು ಕಳಿಸಿದ್ದು. ಕ್ಯಾಂಬೆಲ್ಸ್‌ನವರ ಕ್ರೀಮ್ ಆಫ್ ಮಶ್ರೂಮ್ ಸೂಪು ಬಂದಿದ್ದು 1934ರಲ್ಲಿ. ಸಾಸು ಮಾಡುವ ಕೆಲಸ ತಪ್ಪುತ್ತದೆ ಅಂತ ಆಮೇಲೆ ಮನೆಮನೆಯಲ್ಲೂ ಡಬ್ಬಿ ಬಂತು. ನಮಗೆ ಆ ಕೆಲಸ ಹತ್ತು ನಿಮಿಷದ್ದು. ಬೆಣ್ಣೆ, ಮೈದಾ, ಹಾಲು ಮನೆಯಲ್ಲೇ ಇರುತ್ತವೆ. ಡಬ್ಬಿಯ ಸೂಪಿನಲ್ಲಿ ಉಪ್ಪು ತುಂಬಾ ಜಾಸ್ತಿ, ಅದರ ಮೇಲೆ ಚೀಸಿನ ಉಪ್ಪು, ಟ್ಯೂನಾದ ಉಪ್ಪು ಬೇರೆ. ಮಕ್ಕಳು ತಿನ್ನುವ ಊಟದಲ್ಲಿ ಉಪ್ಪು ನಮ್ಮ ಕೈಯಲ್ಲೇ ಇರಲಿ ಅಂತ ನನಗೆ ಅನ್ನಿಸುತ್ತದೆ.

ಈಗ ಸಾಮಾನು. ನಾಲ್ಕೈದು ಜನಕ್ಕೆ ಲೆಕ್ಕ ಹೇಳುತ್ತೇನೆ. ಎಗ್ ನೂಡಲ್ಸ್ 8 ಔನ್ಸ್, ಅಂದರೆ 12 ಔನ್ಸಿನ ಪ್ಯಾಕೆಟ್‌ನಲ್ಲಿ ಮೂರರಲ್ಲಿ ಎರಡು ಭಾಗ. ಅದಿಲ್ಲದಿದ್ದರೆ ಮ್ಯಾಕರೋನಿ ಆಗುತ್ತದೆ, ಇನ್ನೂ ಅಗ್ಗ. 5 ಔನ್ಸಿನ ಟ್ಯೂನಾ ಡಬ್ಬಿ ಎರಡು. ಬೆಣ್ಣೆ 4 ಟೇಬಲ್ ಚಮಚ, ಅಂದರೆ ಅರ್ಧ ಸ್ಟಿಕ್. ಮೈದಾ 4 ಟೇಬಲ್ ಚಮಚ, ತಲೆ ಸವರಿದ್ದು. ಹಾಲು 3 ಕಪ್. ಒಂದು ಈರುಳ್ಳಿ, ಎರಡು ಎಸಳು ಬೆಳ್ಳುಳ್ಳಿ. ಸೆಲರಿ ಇದ್ದರೆ ಎರಡು ದಂಟು, ಇಲ್ಲದಿದ್ದರೆ ಅದಕ್ಕಾಗಿ ಅಂಗಡಿಗೆ ಹೋಗುವುದು ಬೇಡ. ಫ್ರೀಜರಿನ ಹಸಿ ಬಟಾಣಿ ಒಂದು ಕಪ್. ಶಾರ್ಪ್ ಚೆಡ್ಡರ್ ಚೀಸ್ 6 ಔನ್ಸ್. ಸಾಸಿವೆ ಪುಡಿ ಅರ್ಧ ಚಮಚ, ಕಾಳುಮೆಣಸಿನ ಪುಡಿ ಅರ್ಧ ಚಮಚ, ನಿಂಬೆರಸ ಎರಡು ಚಮಚ. ಮೇಲೆ ಉದುರಿಸಲು ಎರಡು ತುಂಡು ಹಳೇ ಬ್ರೆಡ್ಡು, ಅದಕ್ಕೆ ಒಂದು ಚಮಚ ಬೆಣ್ಣೆ.

ನಮ್ಮ ಕಡೆ ಅಂಗಡಿಯ ಸ್ವಂತ ಬ್ರ್ಯಾಂಡಿನವೇ ತಗೊಂಡರೆ ಇಷ್ಟಕ್ಕೂ ಹತ್ತು ಡಾಲರ್ ಆಚೀಚೆ ಆಗುತ್ತದೆ. ಟ್ಯೂನಾ ಡಬ್ಬಿ ಒಂದಕ್ಕೆ ಒಂದು ಡಾಲರ್ ಆಸುಪಾಸು. ಜಾಸ್ತಿ ದುಡ್ಡು ಹೋಗುವುದು ಚೀಸಿಗೆ, ಆದ್ದರಿಂದ ಉಳಿಸಬೇಕಾದದ್ದೂ ಅಲ್ಲೇ.

ಚೀಸಿನ ಬಗ್ಗೆ ಸ್ವಲ್ಪ ಬಿಡಿಸಿ ಹೇಳುತ್ತೇನೆ, "ಚೀಸ್ ಎಲ್ಲಿ ಹೋಯಿತೋ" ಅಂತ ಕೇಳಿದಿರಲ್ಲ. ತುರಿದೇ ಪ್ಯಾಕೆಟ್‌ನಲ್ಲಿ ಬರುವ ಚೀಸಿನ ಎಳೆಗಳು ಒಂದಕ್ಕೊಂದು ಅಂಟಬಾರದು ಅಂತ ಅದಕ್ಕೆ ಆಲೂಗಡ್ಡೆ ಪಿಷ್ಟ, ಸೆಲ್ಯುಲೋಸ್ ಪುಡಿ ಸವರಿರುತ್ತಾರೆ. ಬೆರಳಿಗೆ ಹಿಟ್ಟು ಹತ್ತುತ್ತದೆ ನೋಡಿ, ಅದೇ. ಆ ಪುಡಿ ಇರುವ ಚೀಸ್ ಸಾಸಿನಲ್ಲಿ ನಯವಾಗಿ ಕರಗುವುದಿಲ್ಲ. ತುರಿಯದ ಗಟ್ಟಿ ತುಂಡು ತಂದು ಮನೆಯಲ್ಲೇ ತುರಿಯಿರಿ. 8 ಔನ್ಸಿನ ತುಂಡು ತಂದರೆ 6 ಔನ್ಸ್ ಇದಕ್ಕೆ, ಉಳಿದದ್ದು ಮಕ್ಕಳ ಡಬ್ಬಿಗೆ. ಮೈಲ್ಡ್ ಬೇಡ, ಶಾರ್ಪ್ ಅಂತ ಬರೆದದ್ದೇ ತನ್ನಿ. ಅದನ್ನು ಹೆಚ್ಚು ತಿಂಗಳು ಇಟ್ಟು ಹಣ್ಣು ಮಾಡಿರುತ್ತಾರೆ, ಸ್ವಲ್ಪ ಹಾಕಿದರೂ ಚೀಸಿನ ರುಚಿ ಎದ್ದು ಬರುತ್ತದೆ. ಸಾಸಿವೆ ಪುಡಿ ಹಾಕುವುದೂ ಇದಕ್ಕೇ. ಸಾಸಿವೆಯ ರುಚಿ ಅಂತ ಗೊತ್ತಾಗುವುದಿಲ್ಲ, ಚೀಸ್ ಮಾತ್ರ ಜಾಸ್ತಿ ಹಾಕಿದ ಹಾಗೆ ಇರುತ್ತದೆ. ಒಗ್ಗರಣೆ ಸಾಸಿವೆಯನ್ನೇ ಮಿಕ್ಸಿಯಲ್ಲಿ ಪುಡಿ ಮಾಡಿ ಹಾಕಿ, ನಾನೂ ಹಾಗೇ ಮಾಡುವುದು.

ಮಾಡುವ ಕ್ರಮಕ್ಕೆ ಬರೋಣ. ಓವನ್ 400 ಡಿಗ್ರಿ ಫ್ಯಾರನ್‌ಹೀಟ್‌ಗೆ ಬಿಸಿಯಾಗಲು ಬಿಡಿ, ಸೆಲ್ಸಿಯಸ್ ಲೆಕ್ಕದಲ್ಲಿ ಸುಮಾರು 200. ಒಂದು ಕಡೆ ನೂಡಲ್ಸಿಗೆ ನೀರಿಡಿ. ನೀರು ಮರಳಿದ ಮೇಲೆ ಉಪ್ಪು ಹಾಕಿ ನೂಡಲ್ಸ್ ಬಿಡಿ. ಪ್ಯಾಕೆಟ್ ಮೇಲೆ ಎಷ್ಟು ನಿಮಿಷ ಅಂತ ಇದೆಯೋ ಅದಕ್ಕಿಂತ ಎರಡು ಮೂರು ನಿಮಿಷ ಮೊದಲೇ ಬಸಿಯಿರಿ. ಒಂದು ಎಳೆ ಕಚ್ಚಿ ನೋಡಿದರೆ ನಡುವೆ ಇನ್ನೂ ಹಲ್ಲಿಗೆ ಸಿಗಬೇಕು. ಬಸಿಯುವ ಮುಂಚೆ ಒಂದು ಲೋಟ ಗಂಜಿನೀರು ತೆಗೆದಿಟ್ಟುಕೊಳ್ಳಿ. ಕೊನೆಯಲ್ಲಿ ಬೇಕಾಗುತ್ತದೆ.

ಇನ್ನೊಂದು ಕಡೆ ದಪ್ಪ ತಳದ ಪಾತ್ರೆಯಲ್ಲಿ ಬೆಣ್ಣೆ ಕರಗಿಸಿ, ಸಣ್ಣಗೆ ಹೆಚ್ಚಿದ ಈರುಳ್ಳಿ, ಸೆಲರಿ ಹಾಕಿ. ಈರುಳ್ಳಿ ಕೆಂಪಾಗುವುದು ಬೇಡ, ಗಾಜಿನ ಹಾಗೆ ಆದರೆ ಸಾಕು. ಬೆಳ್ಳುಳ್ಳಿ ಹಾಕಿ ಅರ್ಧ ನಿಮಿಷ. ಆಮೇಲೆ ಉರಿ ಸಣ್ಣ ಮಾಡಿ ಮೈದಾ ಉದುರಿಸಿ. ಎರಡು ನಿಮಿಷ ಕೈಬಿಡದೆ ಹುರಿಯಿರಿ. ಮೂಗಿಗೇ ಗೊತ್ತಾಗುತ್ತದೆ: ಮೊದಲು ಹಸಿ ಹಿಟ್ಟಿನ ವಾಸನೆ ಬರುತ್ತದೆ, ಆಮೇಲೆ ಅದು ಹೋಗಿ ಬಿಸ್ಕತ್ತಿನ ಹಾಗೆ ಘಮ ಏಳುತ್ತದೆ. ಬಣ್ಣ ಬದಲಾಗುವ ಮುಂಚೆ ಹಾಲು ಶುರು ಮಾಡಿ. ಒಂದೇ ಸಲ ಸುರಿಯಬೇಡಿ. ಮೊದಲು ಕಾಲು ಕಪ್ ಹಾಕಿ ತಿರುವಿ, ಅದು ಮುದ್ದೆಯಾಗುತ್ತದೆ. ಹೆದರಬೇಡಿ. ಇನ್ನು ಕಾಲು ಕಪ್ ಹಾಕಿ, ಸಡಿಲವಾಗುತ್ತದೆ. ಆಮೇಲೆ ಉಳಿದದ್ದನ್ನು ಧಾರೆಯಾಗಿ ಬಿಡುತ್ತಾ ತಿರುವಿ. ರಾಗಿ ಅಂಬಲಿಗೆ ಗಂಟು ಬೀಳದ ಹಾಗೆ ತಿರುವುತ್ತೀರಲ್ಲ, ಅದೇ ಕೈ. ಹಾಲು ಫ್ರಿಜ್ಜಿನಿಂದ ಆಗಷ್ಟೇ ತೆಗೆದದ್ದಾಗಿದ್ದರೆ ಒಂದು ನಿಮಿಷ ಮೈಕ್ರೊವೇವ್‌ನಲ್ಲಿ ಬೆಚ್ಚಗೆ ಮಾಡಿಕೊಂಡರೆ ಕೆಲಸ ಇನ್ನೂ ಹಗುರ.

ನಾಲ್ಕೈದು ನಿಮಿಷಕ್ಕೆ ಸಾಸು ಕುದಿ ಬಂದು ಸ್ವಲ್ಪ ಮಂದವಾಗುತ್ತದೆ. ಚಮಚ ಅದ್ದಿ ತೆಗೆದು, ಅದರ ಬೆನ್ನಿನ ಮೇಲೆ ಬೆರಳಿನಿಂದ ಒಂದು ಗೆರೆ ಎಳೆಯಿರಿ. ಗೆರೆ ಕೂಡಿಕೊಳ್ಳದೆ ಹಾಗೇ ನಿಂತರೆ ಆಯಿತು. ಒಲೆ ಆರಿಸಿ. ಚೀಸ್ ಹಾಕುವುದು ಒಲೆ ಆರಿಸಿ ಒಂದು ನಿಮಿಷ ಆದ ಮೇಲೆ, ಇದು ಮುಖ್ಯ. ಕುದಿಯುವ ಸಾಸಿಗೆ ಹಾಕಿದರೆ ಚೀಸಿನ ಪ್ರೋಟೀನ್ ಬಿಗಿದುಕೊಂಡು ಜಿಡ್ಡನ್ನು ಹೊರಗೆ ಬಿಡುತ್ತದೆ, ಸಾಸು ತರಿತರಿಯಾಗುತ್ತದೆ. 4 ಔನ್ಸ್ ಚೀಸನ್ನು ಹಿಡಿ ಹಿಡಿಯಾಗಿ ಹಾಕಿ ತಿರುವಿ. ಸಾಸಿವೆ ಪುಡಿ, ಕಾಳುಮೆಣಸಿನ ಪುಡಿ, ಮುಕ್ಕಾಲು ಚಮಚ ಉಪ್ಪು ಸೇರಿಸಿ. ನೆಕ್ಕಿ ನೋಡಿ. ನೂಡಲ್ಸ್ ಸೇರಿದ ಮೇಲೆ ರುಚಿ ಇಳಿಯುತ್ತದೆ, ಹಾಗಾಗಿ ಈಗ ಒಂದು ಚೂರು ಚುರುಕಾಗೇ ಇರಲಿ.

ಇನ್ನು ವಾಸನೆ. ನಿಮ್ಮತ್ತೆಯವರ ವಿಷಯ ಓದಿ ನನಗೆ ಬೇಜಾರಾಯಿತು, ಇದನ್ನು ಸರಿಮಾಡಲೇಬೇಕು. ನಮ್ಮ ಕುಂದಾಪುರದ ಕಡೆ ಮೀನು ಸಾರಿಗೆ ಹುಣಸೆಹುಳಿ ಬಿಡದೆ ಹಾಕುತ್ತೇವೆ. ರುಚಿಗಷ್ಟೇ ಅಲ್ಲ. ಮೀನಿನ ನಾತಕ್ಕೆ ಕಾರಣ ಅಮೈನ್ ಅನ್ನುವ ವಸ್ತುಗಳು. ಹುಳಿ ಸೇರಿದರೆ ಅವು ಅಲ್ಲೇ ಕಟ್ಟಿಕೊಂಡು ಬಿಡುತ್ತವೆ, ಗಾಳಿಗೆ ಏಳುವುದಿಲ್ಲ. ಟ್ಯೂನಾ ಏನೂ ಪರದೇಶದ ಮೀನಲ್ಲ, ನಮ್ಮ ಕರಾವಳಿಯಲ್ಲಿ ಕೇದರ ಅನ್ನುವುದು ಇದೇ ಬಳಗ. ಹುಣಸೆ ಇಲ್ಲಿ ಹೊಂದುವುದಿಲ್ಲ, ನಿಂಬೆರಸ ಹೊಂದುತ್ತದೆ. ಎಣ್ಣೆಯಲ್ಲಿರುವ ಟ್ಯೂನಾ ಬೇಡ, ನೀರಿನಲ್ಲಿರುವುದನ್ನು ತನ್ನಿ. ಡಬ್ಬಿ ತೆರೆದು ಜರಡಿಗೆ ಸುರಿದು, ಚಮಚದ ಬೆನ್ನಿನಿಂದ ಚೆನ್ನಾಗಿ ಒತ್ತಿ ನೀರೆಲ್ಲ ಇಳಿಸಿ. ಆಮೇಲೆ ಬಟ್ಟಲಿಗೆ ಹಾಕಿ ಎರಡು ಚಮಚ ನಿಂಬೆರಸ, ಚಿಟಿಕೆ ಕಾಳುಮೆಣಸಿನ ಪುಡಿ ಕಲಸಿ ಹತ್ತು ನಿಮಿಷ ಬಿಡಿ. ಹಾಲಿನ ಸಾಸಿಗೆ ನಿಂಬೆ ಬಿದ್ದರೆ ಒಡೆಯುವುದಿಲ್ಲವಾ ಅಂತ ನೀವು ಕೇಳಬಹುದು. ಮೈದಾ ಹಾಲನ್ನು ಹಿಡಿದಿರುತ್ತದೆ, ಇಷ್ಟು ಹುಳಿಗೆ ಒಡೆಯುವುದಿಲ್ಲ.

ಮನೆ ತುಂಬಾ ವಾಸನೆ ಹರಡುವುದು ಬಹಳ ಸಲ ಕ್ಯಾಸರೋಲಿನಿಂದಲ್ಲ, ಸಿಂಕಿಗೆ ಚೆಲ್ಲಿದ ಆ ನೀರಿನಿಂದ, ಕಸದ ಬುಟ್ಟಿಗೆ ಹಾಕಿದ ಖಾಲಿ ಡಬ್ಬಿಯಿಂದ. ಆ ನೀರು ಚೆಲ್ಲಿದ ತಕ್ಷಣ ಸೋಪು ಹಾಕಿ ಬಿಸಿನೀರು ಬಿಡಿ. ಡಬ್ಬಿ ತೊಳೆದು ಹೊರಗಿನ ರೀಸೈಕಲ್ ಡಬ್ಬಕ್ಕೆ ಆಗಲೇ ಹಾಕಿ ಬನ್ನಿ. ಹಿಂಡಿದ ನಿಂಬೆಹೋಳಿನಿಂದ ಸಿಂಕ್ ಉಜ್ಜಿಬಿಡಿ. ಚಳಿಗಾಲದಲ್ಲಿ ಕಿಟಕಿ ತೆರೆಯಲು ಆಗದ ಮನೆಗಳಲ್ಲಿ ಇದು ತುಂಬಾ ಅನುಕೂಲ.

ವಾಸನೆಗೆ ಇನ್ನೊಂದು ಕಾರಣ ನಿಮ್ಮ ಆ 50 ನಿಮಿಷ. ಡಬ್ಬಿಯ ಟ್ಯೂನಾ ಮೊದಲೇ ಬೆಂದಿರುತ್ತದೆ. ಅದೂ ಒಂದು ಸಲ ಅಲ್ಲ. ಮೀನನ್ನು ಬೇಯಿಸಿ ಮುಳ್ಳು ತೆಗೆದು ಡಬ್ಬಿಗೆ ತುಂಬುತ್ತಾರೆ, ಮುಚ್ಚಿದ ಮೇಲೆ ಡಬ್ಬಿಯನ್ನೇ ಒತ್ತಡದ ಹಬೆಯಲ್ಲಿ ಮತ್ತೆ ಬೇಯಿಸುತ್ತಾರೆ. ಅದನ್ನು ನಾವು ಇನ್ನೊಂದು ಗಂಟೆ ಬೇಯಿಸಿದರೆ ನಾರಾಗುತ್ತದೆ, ವಾಸನೆಯೂ ಏಳುತ್ತದೆ. ಕ್ಯಾಸರೋಲಿನಲ್ಲಿ ಬೇಯುವುದಕ್ಕೆ ಏನೂ ಉಳಿದಿರುವುದಿಲ್ಲ. ಎಲ್ಲ ಬಿಸಿಯಾಗಿ ಒಂದಾಗಬೇಕು, ಮೇಲ್ಭಾಗ ಕೆಂಪಗಾಗಬೇಕು, ಅಷ್ಟೇ. ಅದಕ್ಕೇ ಜೋರು ಬಿಸಿ, ಕಡಿಮೆ ಹೊತ್ತು.

ಈಗ ಎಲ್ಲ ಕೂಡಿಸಿ. ಸಾಸಿಗೆ ನೂಡಲ್ಸ್, ಬಟಾಣಿ ಹಾಕಿ ತಿರುವಿ. ಬಟಾಣಿ ಫ್ರೀಜರಿನಿಂದ ನೇರ ಹಾಕಬಹುದು. ಟ್ಯೂನಾವನ್ನು ಕೊನೆಯಲ್ಲಿ ಹಾಕಿ, ಎರಡು ಮೂರು ಸಲ ಮೆಲ್ಲಗೆ ಮಗುಚಿ. ಜಾಸ್ತಿ ಕಲಸಿದರೆ ಪುಡಿಯಾಗಿ ಕಾಣೆಯಾಗುತ್ತದೆ. ಸೌಟು ಎತ್ತಿ ನೋಡಿ. ಸಾಸು ಧಾರೆಯಾಗಿ ಇಳಿಯದಿದ್ದರೆ ತೆಗೆದಿಟ್ಟ ಗಂಜಿನೀರು ಅರ್ಧ ಕಪ್ ಹಾಕಿ. ಎರಡು ಕ್ವಾರ್ಟಿನ ಓವನ್ ಪಾತ್ರೆಗೆ ಬೆಣ್ಣೆ ಸವರಿ ಸುರಿಯಿರಿ, ಉಳಿದ 2 ಔನ್ಸ್ ಚೀಸ್ ಮೇಲೆ ಹರಡಿ.

ಮೇಲಿನ ಕುರುಕುಲಿಗೆ ಬ್ರೆಡ್ಡನ್ನು ಕೈಯಲ್ಲೇ ಚೂರು ಮಾಡಿ, ಕರಗಿದ ಬೆಣ್ಣೆಯಲ್ಲಿ ಹೊರಳಿಸಿ ಉದುರಿಸಿ. ಕೆಲವರು ಆಲೂ ಚಿಪ್ಸ್ ಪುಡಿ ಮಾಡಿ ಹಾಕುತ್ತಾರೆ, ಕೆಲವರು ಕಾರ್ನ್‌ಫ್ಲೇಕ್ಸ್. ನಿಮ್ಮ ಮಗಳು ಗೆಳತಿಯ ಮನೆಯಲ್ಲಿ ತಿಂದಿದ್ದರಲ್ಲಿ ಮೇಲೆ ಏನಿತ್ತು ಅಂತ ಕೇಳಿ. ಮಕ್ಕಳು ಇಷ್ಟಪಡುವುದು ಹೆಚ್ಚಾಗಿ ಅದನ್ನೇ. ಚಿಪ್ಸ್ ಅಂದರೆ ಅದಕ್ಕಾಗಿ ಹೊಸ ಪ್ಯಾಕೆಟ್ ತರಬೇಡಿ, ಹಳೇ ಪ್ಯಾಕೆಟ್‌ನ ತಳದಲ್ಲಿ ಉಳಿಯುವ ಪುಡಿಯನ್ನು ಎತ್ತಿಟ್ಟುಕೊಳ್ಳಿ. 18ರಿಂದ 20 ನಿಮಿಷ ಓವನ್ನಿನಲ್ಲಿಡಿ. ಅಂಚಿನಲ್ಲಿ ಗುಳ್ಳೆ ಏಳುತ್ತಿದ್ದರೆ, ಮೇಲ್ಭಾಗ ಹೊಂಬಣ್ಣವಾಗಿದ್ದರೆ ತೆಗೆಯಿರಿ. ಹತ್ತು ನಿಮಿಷ ಹಾಗೇ ಬಿಟ್ಟು ಬಡಿಸಿ. ತೆಗೆದ ತಕ್ಷಣ ತೆಳ್ಳಗೆ ಕಂಡರೂ ಆ ಹತ್ತು ನಿಮಿಷದಲ್ಲಿ ಹದಕ್ಕೆ ಬರುತ್ತದೆ.

ಇದಕ್ಕೆ ಗರಂ ಮಸಾಲೆ ಹಾಕಲಾ, ಅರಿಸಿನ ಹಾಕಲಾ ಅಂತ ಬಹಳ ಜನ ಕೇಳುತ್ತಾರೆ. ಬೇಡ. ಹಾಲು, ಬೆಣ್ಣೆ, ಚೀಸಿನ ಸೌಮ್ಯ ರುಚಿಯೇ ಈ ಅಡುಗೆಯ ಗುಣ, ಮಗಳು ಕೇಳುತ್ತಿರುವುದೂ ಅದನ್ನೇ. ದೊಡ್ಡವರಿಗೆ ಸಪ್ಪೆ ಅನ್ನಿಸಿದರೆ ಈರುಳ್ಳಿ ಜೊತೆ ಒಂದು ಹಸಿಮೆಣಸಿನಕಾಯಿ ಸೀಳಿ ಹಾಕಿ, ಆಮೇಲೆ ಎತ್ತಿಬಿಡಿ. ತಟ್ಟೆಯಲ್ಲಿ ಉಪ್ಪಿನಕಾಯಿ ಇದ್ದರೆ ನನಗೇನೂ ತಕರಾರಿಲ್ಲ, ನಮ್ಮನೆಯಲ್ಲೂ ಇರುತ್ತದೆ.

ಮಕ್ಕಳಿಗೆ ಎಷ್ಟು ಕೊಡಬಹುದು ಅನ್ನುವುದು ಸರಿಯಾದ ಪ್ರಶ್ನೆ. ಟ್ಯೂನಾ ದೊಡ್ಡ ಮೀನು, ಸಣ್ಣ ಮೀನು ತಿಂದು ಬೆಳೆಯುವಂಥದ್ದು, ಹಾಗಾಗಿ ಅದರಲ್ಲಿ ಪಾದರಸ ಸೇರಿಕೊಳ್ಳುತ್ತದೆ. ಆದರೆ ಎಲ್ಲ ಡಬ್ಬಿಯೂ ಒಂದೇ ಅಲ್ಲ. ಚಂಕ್ ಲೈಟ್ ಅಂತ ಬರೆದಿರುವುದರಲ್ಲಿ ಹೆಚ್ಚಾಗಿ ಇರುವುದು ಸ್ಕಿಪ್‌ಜಾಕ್ ಅನ್ನುವ ಚಿಕ್ಕ ಜಾತಿ. ವೈಟ್ ಅಥವಾ ಆಲ್ಬಕೋರ್ ಅಂತಿದ್ದರೆ ಅದು ದೊಡ್ಡ ಜಾತಿ, ಅದರಲ್ಲಿ ಪಾದರಸ ಸುಮಾರು ಮೂರು ಪಟ್ಟು. ಕಡಿಮೆ ಬೆಲೆಗೆ ಸಿಗುವುದು ಚಂಕ್ ಲೈಟೇ, ಮಕ್ಕಳಿಗೆ ಒಳ್ಳೆಯದೂ ಅದೇ. ಅಮೆರಿಕದ ಆಹಾರ ಮತ್ತು ಔಷಧ ಇಲಾಖೆಯಾದ ಎಫ್‌ಡಿಎ ಹೇಳುವ ಪ್ರಕಾರ 4ರಿಂದ 7 ವರ್ಷದ ಮಕ್ಕಳಿಗೆ ಒಂದು ಪಾಲು ಅಂದರೆ 2 ಔನ್ಸ್, 8ರಿಂದ 10 ವರ್ಷದವರಿಗೆ 3 ಔನ್ಸ್. ಮಕ್ಕಳಿಗೆ ಪಾದರಸ ಕಡಿಮೆ ಇರುವ ಮೀನನ್ನು ವಾರಕ್ಕೆ ಎರಡು ಪಾಲು ಕೊಡಬಹುದು, ಚಂಕ್ ಲೈಟ್ ಆ ಪಟ್ಟಿಯಲ್ಲಿದೆ. ನಮ್ಮ ಲೆಕ್ಕ ನೋಡಿ. 5 ಔನ್ಸಿನ ಡಬ್ಬಿಯಲ್ಲಿ ನೀರು ಇಳಿಸಿದರೆ ಉಳಿಯುವ ಮೀನು 4 ಔನ್ಸ್ ಆಸುಪಾಸು. ಎರಡು ಡಬ್ಬಿಗೆ 8, ಅತ್ತೆಯವರನ್ನು ಬಿಟ್ಟು ನಾಲ್ಕು ಜನಕ್ಕೆ ಹಂಚಿದರೆ ತಲಾ 2 ಔನ್ಸ್. ವಾರಕ್ಕೊಮ್ಮೆ ಮಾಡಿದರೆ ಯೋಚನೆ ಬೇಡ. ಹಳೇ ರೆಸಿಪಿಗಳಲ್ಲಿ 6 ಔನ್ಸ್, 7 ಔನ್ಸ್ ಡಬ್ಬಿ ಅಂತ ಇರುತ್ತದೆ. ಡಬ್ಬಿಗಳು ವರ್ಷ ವರ್ಷಕ್ಕೆ ಚಿಕ್ಕದಾಗುತ್ತಾ ಬಂದಿವೆ, ಅದನ್ನು ನೋಡಿ ಗಾಬರಿಯಾಗಬೇಡಿ.

ಅತ್ತೆಯವರ ಪಾಲಿಗೆ ಬೇರೆ ಅಡುಗೆ ಮಾಡುವ ಅಗತ್ಯವೇ ಇಲ್ಲ. ಟ್ಯೂನಾ ಕೊನೆಯಲ್ಲಿ ಹಾಕಿ ಅಂದೆನಲ್ಲ, ಅದರಲ್ಲಿ ಈ ಅನುಕೂಲವೂ ಇದೆ. ಟ್ಯೂನಾ ಹಾಕುವ ಮುಂಚೆ ಒಂದು ಚಿಕ್ಕ ಪಾತ್ರೆಗೆ ಅವರ ಪಾಲು ತೆಗೆದಿಡಿ. ಅದಕ್ಕೆ ಬೇಯಿಸಿದ ಕೋಳಿ ಚೂರು ಸೇರಿಸಿ, ಹಿಂದಿನ ದಿನದ್ದು ಉಳಿದಿದ್ದರೂ ಆದೀತು. ಸೋಮವಾರ, ಶನಿವಾರ ಮಾಂಸ ತಿನ್ನದವರಾದರೆ ಅಣಬೆ ಹುರಿದು ಹಾಕಿ, ಇಲ್ಲವೇ ಬೇಯಿಸಿದ ಕಾಬೂಲ್ ಕಡಲೆ. ಅಂಥ ದಿನ ಮೊಟ್ಟೆಯನ್ನೂ ಬಿಡುತ್ತಾರಾದರೆ ಎಗ್ ನೂಡಲ್ಸ್ ಬದಲು ಮ್ಯಾಕರೋನಿ ಬಳಸಿ. ಚೀಸಿನ ಹಿಂದೆಯೂ ಒಮ್ಮೆ ಓದಿ. ಕೆಲವು ಚೆಡ್ಡರಿಗೆ ಹಾಲು ಹೆಪ್ಪಾಗಿಸಲು ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್ ಹಾಕಿರುತ್ತಾರೆ. ವೆಜಿಟೇರಿಯನ್ ಅಥವಾ ಮೈಕ್ರೋಬಿಯಲ್ ರೆನೆಟ್ ಅಂತಿದ್ದರೆ ಯೋಚನೆ ಇಲ್ಲ. ಎರಡೂ ಪಾತ್ರೆ ಒಟ್ಟಿಗೆ ಓವನ್ನಿಗೆ ಹೋಗುವುದು ಅವರಿಗೆ ಸರಿ ಬರದಿದ್ದರೆ ಅವರದನ್ನು ಮೊದಲು ಮಾಡಿ ತೆಗೆಯಿರಿ. ಬಿಸಿ ಬಿಸಿ ಮೊದಲ ತಟ್ಟೆ ಅವರಿಗೆ ಸಿಕ್ಕಿದ ಹಾಗೂ ಆಯಿತು.

ಅಂದ ಹಾಗೆ, ನೀವು ಇಲ್ಲಿ ಫೆಬ್ರವರಿ, ಮಾರ್ಚ್‌ನಲ್ಲಿ ಅಂಗಡಿಗೆ ಹೋದರೆ ಟ್ಯೂನಾ ಡಬ್ಬಿ ರಿಯಾಯಿತಿಯಲ್ಲಿ ಇಟ್ಟಿರುವುದನ್ನು ನೋಡಬಹುದು. ಲೆಂಟ್ ಅಂದರೆ ಈಸ್ಟರ್‌ಗೆ ಮುಂಚಿನ ತಪಸ್ಸಿನ ಕಾಲ, ಆಗ ಕ್ಯಾಥೊಲಿಕರು ಶುಕ್ರವಾರ ಮಾಂಸ ತಿನ್ನುವುದಿಲ್ಲ, ಮೀನು ತಿನ್ನಬಹುದು. ಆ ಶುಕ್ರವಾರಗಳಿಗೆ ಎಷ್ಟೋ ಮನೆಗಳಲ್ಲಿ ಇದೇ ಅಡುಗೆ. ಮಂಗಳೂರಿನ ನನ್ನ ಗೆಳತಿಯ ಮನೆಯಲ್ಲೂ ಆ ಶುಕ್ರವಾರಗಳಿಗೆ ಮೀನು ಸಾರೇ ಇರುತ್ತಿತ್ತು. ಡಬ್ಬಿ ವರ್ಷಗಟ್ಟಲೆ ಕೆಡುವುದಿಲ್ಲ, ಆಗ ಹತ್ತು ಹನ್ನೆರಡು ತಂದಿಟ್ಟುಕೊಳ್ಳಿ.

ಕೊನೆಯದಾಗಿ ಹಿಂದಿನ ರಾತ್ರಿ ಮಾಡಿಡುವುದು. ಖಂಡಿತ ಆಗುತ್ತದೆ, ಆದರೆ ಬೇರೆ ಅಳತೆ ಬೇಕು. ರಾತ್ರಿಯಿಡೀ ನೂಡಲ್ಸ್ ಸಾಸು ಕುಡಿಯುತ್ತಲೇ ಇರುತ್ತದೆ. ಹಾಗಾಗಿ ಹಾಲು ಮೂರು ಕಪ್ ಬದಲು ಮೂರೂವರೆ ಹಾಕಿ, ನೂಡಲ್ಸನ್ನು ಇನ್ನೊಂದು ನಿಮಿಷ ಕಡಿಮೆ ಬೇಯಿಸಿ. ಎಲ್ಲ ಕಲಸಿ ಪಾತ್ರೆಗೆ ಹಾಕಿ, ಮುಚ್ಚಿ ಫ್ರಿಜ್ಜಿನಲ್ಲಿಡಿ. ಎರಡು ಗಂಟೆಗಿಂತ ಜಾಸ್ತಿ ಹೊರಗೆ ಬಿಡಬೇಡಿ. ಬ್ರೆಡ್ಡಿನ ಚೂರು ಬೇರೆ ಡಬ್ಬಿಯಲ್ಲಿರಲಿ, ಈಗಲೇ ಹಾಕಿದರೆ ನೆನೆದು ಮೆತ್ತಗಾಗುತ್ತದೆ. ಮಾರನೇ ದಿನ ಗಾಜಿನ ಪಾತ್ರೆಯನ್ನು ಫ್ರಿಜ್ಜಿನಿಂದ ತೆಗೆದು ನೇರ ಕಾದ ಓವನ್ನಿಗೆ ಇಡಬೇಡಿ, ಸೀಳಿಬಿಡಬಹುದು. ಅರ್ಧ ಗಂಟೆ ಹೊರಗಿಡಿ. ಇಲ್ಲವೇ ರಾತ್ರಿಯೇ ಲೋಹದ ಟ್ರೇಯಲ್ಲಿ ಹಾಕಿಟ್ಟರೆ ಈ ತಾಪತ್ರಯವೇ ಇಲ್ಲ. ಮೊದಲ 20 ನಿಮಿಷ ಫಾಯಿಲ್ ಮುಚ್ಚಿ, ಆಮೇಲೆ ಫಾಯಿಲ್ ತೆಗೆದು ಬ್ರೆಡ್ಡಿನ ಚೂರು ಉದುರಿಸಿ ಇನ್ನು 15 ನಿಮಿಷ. ನಡುವೆ ಚಾಕು ಚುಚ್ಚಿ ತೆಗೆದು ಮುಟ್ಟಿದರೆ ಬಿಸಿ ತಗಲಬೇಕು.

ಉಳಿದದ್ದು ಫ್ರಿಜ್ಜಿನಲ್ಲಿ ಮೂರು ನಾಲ್ಕು ದಿನ ಇರುತ್ತದೆ. ಫ್ರೀಜರಿಗೆ ನಾನು ಹಾಕುವುದಿಲ್ಲ, ನೂಡಲ್ಸ್ ಹಿಟ್ಟಾಗುತ್ತದೆ. ಮತ್ತೆ ಬಿಸಿ ಮಾಡುವಾಗ ಒಂದು ತಟ್ಟೆಗೆ ಎರಡು ಚಮಚ ಹಾಲು ಚಿಮುಕಿಸಿ, ಮುಚ್ಚಿ ಮೈಕ್ರೊವೇವ್‌ನಲ್ಲಿಡಿ. ನಡುವೆ ಒಮ್ಮೆ ಕೈಯಾಡಿಸಿ. ಒಳಗೂ ಹಬೆಯಾಡುವಷ್ಟು ಬಿಸಿಯಾಗಬೇಕು, ಥರ್ಮಾಮೀಟರ್ ಇದ್ದರೆ 165 ಡಿಗ್ರಿ ಫ್ಯಾರನ್‌ಹೀಟ್. ಸಂಜೆ ಕೆಲಸಕ್ಕೆ ಹೋಗುವ ದಿನ ಇಷ್ಟನ್ನು ಒಂದು ಚೀಟಿಯಲ್ಲಿ ಬರೆದು ಫ್ರಿಜ್ಜಿಗೆ ಅಂಟಿಸಿ ಹೋಗಿ. ಮನೆಯಲ್ಲಿ ದೊಡ್ಡವರು ಒಬ್ಬರು ಜೊತೆಗಿದ್ದರೆ ಸಾಕು, ನಿಮ್ಮ ಮಗಳೇ ಬಿಸಿ ಮಾಡಿ ತಮ್ಮನಿಗೂ ಬಡಿಸುತ್ತಾಳೆ.